ಈಶಾನ್ಯದ ಕೋಣೆ

ಜನವರಿ ೧೪, ಬೆಳಿಗ್ಗೆ

ಅಳಿಯ ಗುರುಬಸವನ ಸಕ್ಕರೆ ಡಬ್ಬಿಗೆ ಉಪ್ಪು ಸುರಿದೆ. ಕಾಫಿ ಬಾಯಿಗಿಟ್ಟಾಗ ಅವನ ಮುಖ — ಆಹಾ! ಚನ್ನಬಸವ್ವ ನಕ್ಕಳು. ಲಕ್ವ ಹೊಡೆದ ಮೇಲೆ ನನ್ನ ಹೆಂಡತಿಯದು ಅರ್ಧ ಮುಖದ ನಗು. ಅಷ್ಟು ನಗಿಸಲೂ ಪೂರ್ತಿ ಕಿತಾಪತಿ ಬೇಕು.

ಮಗಳು-ಅಳಿಯ ಕೊಂಡ ಮನೆಯನ್ನು ನಿನ್ನೆ ನೋಡಿದೆ. ಈ ಪರದೇಶದ ಊರಂಚಿನ ಕ್ವೇಕರ್ಸ್ ಹಿಲ್ ಬಡಾವಣೆ. ಹಳೇದು. ಹಿಂದೆ ಕ್ರೀಕ್, ನಮ್ಮ ಕಡೆಯ ಸಣ್ಣ ಹಳ್ಳದಂಥದ್ದು. ಹಿಂದಿನ ಕೋಣೆ ಮಾತ್ರ ಮೂರು ಮೆಟ್ಟಿಲು ಎತ್ತರ. ಅಲ್ಲಿ ಪ್ಲಗ್ ಪಾಯಿಂಟುಗಳೂ ನೆಲದ ಹತ್ತಿರವಲ್ಲ, ಎದೆಮಟ್ಟಕ್ಕೆ. ಯಾರ್ಕ್ ನೆನಪಾಯಿತು — ಹಳೆ ಕಟ್ಟಡಗಳ ದುರಸ್ತಿ ಕಲಿಯಲು ಹೋಗಿದ್ದ ಇಂಗ್ಲೆಂಡಿನ ಊರು. ಊಸ್ ನದಿ ಉಕ್ಕುವ ದಂಡೆಯಲ್ಲಿ ಕೆಳಗೆ ಕಲ್ಲು, ಮೇಲೆ ಬದುಕು. ನಕ್ಷೆ ನದಿಯದು, ಸಹಿ ಮಾತ್ರ ಎಂಜಿನಿಯರದು. ಈ ಕೋಣೆಯನ್ನೂ ನೀರು ಕಂಡವರೇ ಎತ್ತಿ ಕಟ್ಟಿದ್ದಾರೆ.

ಜನವರಿ ೨೦

ಹುಬ್ಬಳ್ಳಿಯ ವಾಸ್ತು ಪಂಡಿತ, ವಿಡಿಯೋ ಕಾಲ್‌ನಲ್ಲಿ. ಈಶಾನ್ಯಕ್ಕೆ ಕ್ರೀಕ್ — ಭಾರೀ ಶುಭ. ಈಶಾನ್ಯದ ಕೋಣೆ ಎತ್ತರ — ದೋಷ. ಒಡೆದು ತಗ್ಗಿಸಬೇಕಂತೆ.

"ಬ್ಯಾಡ್ರೋ. ನೀರಿಗೆ ಅಂಜಿ ಎತ್ತಿದ ನೆಲ ಅದು."

"ಮಾವಾರ, ಮೊಣಕಾಲುದ್ದ ಕ್ರೀಕ್ ರೀ. ನಿಮ್ಮ ಯಾರ್ಕ್ ಅಲ್ಲ."

ಮಗಳು ಮಹಾಶ್ವೇತಾ ಸೇರಿಸಿದಳು: "ಮೆಟ್ಟಲಾ ಹೋದ್ರ ಅವ್ವನ ವೀಲ್‌ಚೇರಿಗೂ ಸಲೀಸು. ಆಕಿ ಮಂಚ ಅಲ್ಲೇ ಹಾಕೂಣು."

"ಗೃಹಪ್ರವೇಶ ನೀವು ಮಾಡ್ರಿ. ಜಲಪ್ರವೇಶ ಕ್ರೀಕ್ ಮಾಡ್ತದ."

ಇಬ್ಬರೂ ಬಿದ್ದು ಬಿದ್ದು ನಕ್ಕರು. "ಅಪ್ಪಾ, ನಿನ್ನ ಜೋಕ್!"

ಜೋಕಲ್ಲ...

ಮಾರ್ಚ್ ೨, ಮಧ್ಯಾಹ್ನ

ಹೊಸ ಮನೆ. ತಗ್ಗಿಸಿದ ಕೋಣೆ. ವಾರದಿಂದ ಮಳೆ. ಈಗ ಹಿತ್ತಲ ಬೇಲಿ ಕಾಣುತ್ತಿಲ್ಲ. ಆಫೀಸಿನಲ್ಲಿರುವ ಮಗಳಿಗೆ ಫೋನ್ ಮಾಡಿ, ಕ್ರೀಕ್ ಹಿತ್ತಲಿಗೆ ಬಂತು ಎಂದೆ.

"ಅಪ್ಪಾ, ಮೀಟಿಂಗ್‌ನ್ಯಾಗ ಅದೀನಿ. ಮಸ್ಕರಿ ಸಾಕು."

ಕಟ್. ಬಾಗಿಲ ಸಂದಿಯಿಂದ ನೀರು. ಚನ್ನಬಸವ್ವನನ್ನು ಎತ್ತಲಾಗುತ್ತಿಲ್ಲ —

ಮಾರ್ಚ್ ೧೯

ಅವತ್ತು ಪಕ್ಕದ ಮನೆಯವರು ಬಂದು ಅವಳನ್ನು ಎತ್ತಿದರು. ಅಷ್ಟರಲ್ಲಿ ಹಾಸಿಗೆ ನೆನೆದಿತ್ತು. ನ್ಯುಮೋನಿಯಾ. ಇನ್ನೂ ಆಸ್ಪತ್ರೆಯಲ್ಲಿದ್ದಾಳೆ. ಸೋಮವಾರ ಮನೆಗೆ ಕಳಿಸುತ್ತಾರಂತೆ.

ಪಂಡಿತ ಮತ್ತೆ ಫೋನಿನಲ್ಲಿ. ಕೋಣೆ ಸಾಕಷ್ಟು ತಗ್ಗಿರಲಿಲ್ಲ, ಅದಕ್ಕೇ ಹೀಗಾಯಿತಂತೆ! ವಾಸ್ತು ಹೀಗೆನ್ನುತ್ತದೆ. ವಾಸ್ತವ ಗೋಡೆಯ ಮೇಲೆ ಕೆಸರಿನ ಗೆರೆ ಎಳೆದು ಹೋಗಿದೆ.

ನೆಲ ಇನ್ನಷ್ಟು ತಗ್ಗಿಸಲು ಗುರುಬಸವ ಅಳತೆ ಟೇಪು ಹಿಡಿದು ಬಂದ. ಬಾಗಿಲಿಗೆ ಅಡ್ಡ ನಿಂತೆ.

"ಆಕಿ ಇನ್ನ ಇಲ್ಲಿ ಮಲಗೂದಿಲ್ಲ."

"ಮತ್ತ ಶುರು ಆತು ಮಾವಾರದು" ಎಂದು ನಕ್ಕ. ನನ್ನ ತೋಳಿನಡಿ ನುಸುಳಿ ಒಳಗೆ ಹೋದ.

ಮಗಳ ಮುಖ ನೋಡಿದೆ. ಅವಳು ನಗಲಿಲ್ಲ. ಅತ್ತು ಅತ್ತು ಕಣ್ಣು ಊದಿತ್ತು. ಈ ಸಲವಾದರೂ ನಂಬುತ್ತಾಳೆ ಅಂದುಕೊಂಡೆ.

ಅವಳು ಬಗ್ಗಿ ಟೇಪಿನ ಇನ್ನೊಂದು ತುದಿ ಹಿಡಿದಳು.