ಬೇವಿನ ಕೆಳಗಿನ ಜಾಗ

ಹನ್ನೂರ, ತಾ. ಅಕ್ಕಲಕೋಟ
೧೮ ಜುಲೈ ೨೦೨೪

ಚಿ. ಸೌ. ನಂದಾಳಿಗೆ ನಿನ್ನ ಕಲ್ಲಣ್ಣ ಮಾಮನ ಆಶೀರ್ವಾದಗಳು.

ನಾವಿಲ್ಲಿ ಗಟ್ಟಿಯಾಗಿದ್ದೇವೆ. ನೀನೂ ಕೂಸೂ ಹಾಗೇ ಇದ್ದೀರೆಂದು ನಂಬಿದ್ದೇನೆ. ನಿನ್ನ ಪತ್ರಕ್ಕೆ ಉತ್ತರ ತಡವಾಯಿತು, ಸಿಟ್ಟಾಗಬೇಡ. ಮೊದಲು ತೊಗರಿ ಬಿತ್ತನೆ ಎಂದು ಹೇಳಿ ಕಳಿಸಿದೆ, ಆಮೇಲೆ ಕನ್ನಡಕ ಒಡೆದಿದೆ ಎಂದೆ. ಕನ್ನಡಕ ಒಡೆದಿಲ್ಲ. ನೀನು ಫೋನ್ ಮಾಡಿದಾಗಲೆಲ್ಲ 'ರೇಂಜ್ ಇಲ್ಲವ್ವಾ' ಎಂದು ಇಟ್ಟುಬಿಟ್ಟೆ. ರೇಂಜೂ ಇತ್ತು.

ನೀನು ಕೇಳಿದ್ದು ಒಂದೇ ಮಾತು. ಫಾದರಪ್ಪನವರನ್ನು ನಮ್ಮ ಹೊಲದ ಬೇವಿನ ಕೆಳಗೆ ಇಡುವುದೆಂದು ಮಾತಾಗಿತ್ತಲ್ಲ, ಸೊಲ್ಲಾಪುರದ ಸ್ಮಶಾನದಲ್ಲಿ ಯಾಕೆ ಇಟ್ಟರು?

ಹೇಳುತ್ತೇನೆ. ಮೊದಲು ಅವರನ್ನು ಮಣ್ಣು ಮಾಡಿದ ದಿನದ ಸುದ್ದಿ ಕೇಳು. ಹೆರಿಗೆಯಾದ ಹೊಸದರಲ್ಲಿ ನಾಸಿಕದಿಂದ ನಿನಗೆ ಬರಲಾಗಲಿಲ್ಲ, ಅದು ಯಾರ ತಪ್ಪೂ ಅಲ್ಲ. ಜನ ಎಂದರೆ ಏನು ಜನ! ಅವರ ಹಾಸ್ಟೆಲಿನಲ್ಲಿ ಕಲಿತ ಹುಡುಗಿಯರೆಲ್ಲ ಈಗ ಮಕ್ಕಳ ತಾಯಂದಿರು. ಬೀಡಿ ಕಟ್ಟುವ ಅವರ ಅವ್ವಂದಿರು ಬಿಸಿಲಲ್ಲಿ ಕುಳಿತು ಹಾಡಿಕೊಂಡು ಅತ್ತರು. ನಾನು ತಲೆಗೆ ಪಟಕಾ ಸುತ್ತಿಕೊಂಡು ಮುಂದಿನ ಸಾಲಿನಲ್ಲಿದ್ದೆ. ಅವರ ಡ್ರೈವರ್ ಶೈಲೇಶ ನನ್ನ ಕೈ ಹಿಡಿದು ಕರೆದೊಯ್ದು ಅಲ್ಲಿ ಕೂರಿಸಿದ. ಬಿಷಪ್ಪರು ಎದ್ದು ಬಂದು ನನಗೆ ಕೈ ಮುಗಿದರು. ಪಾದ್ರಿಗಳ ಕೈ ಆದ ಮೇಲೆ ಮೊದಲ ಹಿಡಿ ಮಣ್ಣು ನನ್ನದೇ. ಅಕ್ಕಲಕೋಟ ತಾಲೂಕಿನಲ್ಲಿ ಇಂಥ ಮಾನ ಇನ್ನೊಬ್ಬನಿಗೆ ಸಿಕ್ಕಿದ್ದರೆ ತೋರಿಸು.

ಸಿಗಲೇಬೇಕಲ್ಲ. ಫಾದರಪ್ಪನವರನ್ನು ಆರ್ಚ್‌ಬಿಷಪ್ಪರನ್ನಾಗಿ ತಯಾರು ಮಾಡಿದ್ದು ಪೋಪರೆಂದು ಜನ ತಿಳಿದಿದ್ದಾರೆ. ಅರ್ಧ ಕೆಲಸ ನಾನು ಮಾಡಿದ್ದೆ. ಅವರು ಮಾಲ್ಟಾ ಎಂಬ ನಡುಗಡ್ಡೆಯವರು. ಆ ಇಡೀ ದೇಶ ನಮ್ಮ ತಾಲೂಕಿನ ಕಾಲುಭಾಗವೂ ಇಲ್ಲ, ನಕಾಶೆಯಲ್ಲಿ ನೊಣ ಕೂತ ಹಾಗೆ. ಹಡಗು ಹತ್ತಿ ಮುಂಬಯಿಗೆ ಬಂದು, ಸೊಲ್ಲಾಪುರದಲ್ಲಿ ಮರಾಠಿ ಕಲಿತು, ಎಪ್ಪತ್ತೆರಡರ ಬರದಲ್ಲಿ ಬಾವಿ ತೋಡಿಸಲು ನಮ್ಮೂರಿಗೆ ಬಂದರು. ನಾನಾಗ ಏಳನೇ ಇಯತ್ತೆ ಮುಗಿಸಿದ ಪಂಡಿತ. ಅವರಿಗೆ ಕನ್ನಡ ಕಲಿಸಲು ನಿಂತೆ. ಮೊದಲ ದಿನವೇ, ಹೊಸದಾಗಿ ಬಂದ ಅತಿಥಿ ಎಮ್ಮೆ ಹತ್ತಿ ಊರು ಸುತ್ತುವುದು ನಮ್ಮ ಪದ್ಧತಿ ಎಂದು ಹೇಳಿದೆ. ಪುಣ್ಯಾತ್ಮರು ಬಿಳಿ ನಿಲುವಂಗಿ ಮೇಲೆತ್ತಿಕೊಂಡು ಹತ್ತಿಯೇಬಿಟ್ಟರು! ನಮ್ಮಪ್ಪ ಬಾರಕೋಲು ತೆಗೆದುಕೊಂಡು ನನ್ನ ಬೆನ್ನು ಹತ್ತಿದ. ಅವರು ನಡುವೆ ಬಂದು, ತಾವು ಕಲಿತ ಮರಾಠಿಯಲ್ಲೇ, "ಹೊಡಿಬ್ಯಾಡ್ರಿ, ಕಲ್ಲಣ್ಣ ನನಗ ಊರು ತೋರಿಸ್ಯಾನ. ಎತ್ತರದಿಂದ ಛಲೋ ಕಾಣತೈತಿ" ಎಂದರು. ಅವತ್ತೇ ಊರವರು ಅವರಿಗೆ ಫಾದರಪ್ಪ ಎಂದು ಹೆಸರಿಟ್ಟರು.

ಮರಾಠಿ ಸಾಲೆಯಲ್ಲಿ ಕಲಿತ ನಿನಗೆ ಹಾಸ್ಟೆಲಿನ ಕಟ್ಟೆಯ ಮೇಲೆ ಕೂರಿಸಿಕೊಂಡು ಕನ್ನಡ ಅಕ್ಷರ ತಿದ್ದಿಸಿದವರೂ ಅವರೇ. ಇಲ್ಲದಿದ್ದರೆ ಈ ಪತ್ರವನ್ನು ನೀನು ಇನ್ನೊಬ್ಬರಿಂದ ಓದಿಸಬೇಕಾಗಿತ್ತು.

ಆಮೇಲೆ ಪೂರ್ವದ ಗುಡ್ಡಗಾಡಿಗೆ ಬಿಷಪ್ಪರಾಗಿ ಹೋದರು, ಅಲ್ಲೇ ಆರ್ಚ್‌ಬಿಷಪ್ಪರಾದರು, ಎಂದರೆ ಬಿಷಪ್ಪರ ಮೇಲಿನ ಬಿಷಪ್ಪರು. ಕಡಕ ರೊಟ್ಟಿ, ಶೇಂಗಾ ಹಿಂಡಿ ಕಟ್ಟಿಕೊಂಡು ರೈಲು ಹತ್ತಿ ನಾನೂ ಹೋಗಿದ್ದೆ. ಗೇಟಿನವನು ಒಳಗೆ ಬಿಡಲಿಲ್ಲ. ನಾನು ಹೊರಗಿನಿಂದಲೇ ಕೂಗಿದ್ದಕ್ಕೆ ಉಂಗುರದ ಕೈ ಬೀಸುತ್ತ ಓಡಿ ಬಂದರು, ಮೆಟ್ಟಿಲ ಮೇಲೇ ಕೂತು ರೊಟ್ಟಿ ಮುರಿದರು. ಅಷ್ಟು ದೊಡ್ಡವರಾದರೂ ಒಂದು ಮುಳ್ಳು ಹಾಗೇ ಉಳಿದಿತ್ತು. ತಮ್ಮ ದೇಶದ ಪಾಸ್‌ಪೋರ್ಟು ಬಿಟ್ಟುಕೊಟ್ಟು ಭಾರತದ ನಾಗರಿಕರಾಗಿ ಎಷ್ಟೋ ವರ್ಷವಾಗಿದ್ದರೂ ಆಫೀಸರರು ಚಹಾ ಕೊಟ್ಟು, "ನಿಮ್ಮ ಊರಿಗೆ ಯಾವಾಗ ಹೋಗ್ತೀರಿ?" ಎಂದು ಕೇಳುತ್ತಿದ್ದರಂತೆ. "ಊರಾಗ ಇದ್ದವನಿಗೇ ಊರಿಗೆ ಯಾವಾಗ ಹೋಗ್ತಿ ಅಂತಾರ, ಕಲ್ಲಣ್ಣ" ಎಂದು ನಗುತ್ತಿದ್ದರು. ಪೂರಾ ನಗು ಅಲ್ಲ ಅದು.

ನಿವೃತ್ತಿಯಾದ ಮೇಲೆ ನಡುಗಡ್ಡೆಯಿಂದ ತಂಗಿಯ ಮಕ್ಕಳು ಕರೆದರು. ಹೋಗಲಿಲ್ಲ. ಸೊಲ್ಲಾಪುರದ ಮಿಶನ್ನಿನಲ್ಲಿ ಒಂದು ಕೋಣೆ ಹಿಡಿದರು. ಒಂದು ದಿನ ನಮ್ಮ ಹೊಲದಲ್ಲಿ ಊಟ ಮಾಡಿ ಬೇವಿನ ಕೆಳಗೆ ಅಡ್ಡಾದಾಗ ನಾನೇ ಎಂದೆ, "ಫಾದರಪ್ಪ, ಇಲ್ಲಿ ನಮ್ಮ ಅಜ್ಜ, ಅಪ್ಪ, ಅವ್ವ ಎಲ್ಲಾರೂ ಕುಂತಾರ. ನಿಮಗೂ ಇಲ್ಲೇ ಜಾಗಾ. ಕಲ್ಲಣ್ಣ ಕೊಟ್ಟ ಮಾತು!"

ನಮ್ಮಲ್ಲಿ ಸತ್ತವರನ್ನು ಕೂರಿಸಿ ಮಣ್ಣು ಕೊಡುವುದು ಅವರಿಗೆ ಗೊತ್ತಿತ್ತು. "ನೀವು ಕುಂತಿರತೀರಿ, ನಾ ಮಲಗಿರತೀನಿ. ಕಡೀ ದಿನಾ ದೇವರು ಏಳ್ರಿ ಅಂದ್ರ ನೀವ ಮೊದಲ ಏಳತೀರಿ, ನನಗೊಂದಿಷ್ಟು ಕೈ ಕೊಡ್ರಿ ಮತ್ತ" ಎಂದರು. ನಿನ್ನ ಮಾಮಿ ಅಕ್ಕನಾಗಮ್ಮ ನಕ್ಕೂ ನಕ್ಕೂ ಸೆರಗು ಬಾಯಿಗಿಟ್ಟುಕೊಂಡಳು.

ಅವರು ಅದನ್ನು ನಿಜವೆಂದು ಹಿಡಿದರು. ಪುಣೆಯಲ್ಲಿರುವ ತಮ್ಮ ಚರ್ಚಿನ ಹಿರಿಯರಿಗೆ ಬರೆದರು. ಹೊಲದ ಮಾಲೀಕನ ಒಪ್ಪಿಗೆ ಇದ್ದರೆ ಅಡ್ಡಿಯಿಲ್ಲ ಎಂದು ಉತ್ತರವೂ ಬಂತು. ಮಾಲೀಕ ನಾನೇ. ಆದರೆ ಕೊನೆಗೆ ಫಾದರಪ್ಪನವರೇ ಮನಸ್ಸು ಬದಲಿಸಿದರು ಎಂದು ಮಿಶನ್ನಿನವರು ಹೇಳುತ್ತಾರೆ. ಇದೇ ನಿನ್ನ ಪ್ರಶ್ನೆಗೆ ಉತ್ತರ.

ನಿನ್ನ ಮಾಮಿಗೆ ಅವರ ಮೇಲೆ ಭಾರಿ ಸಿಟ್ಟು. ಬೇವಿನ ಬುಡ ಹಸನು ಮಾಡಿ ಸಾರಿಸಿಟ್ಟಿದ್ದವಳು ಅವಳು. "ಐವತ್ತ ವರ್ಷ ನಮ್ಮ ರೊಟ್ಟಿ ಸೇರಿತು, ನಮ್ಮ ಮಣ್ಣ ಸೇರಲಿಲ್ಲೇನು ಅವರಿಗೆ?" ಎನ್ನುತ್ತಾಳೆ. ಎದುರಿಗೆ ಕೂತ ನನ್ನನ್ನು ನೋಡಿ, "ಎಲ್ಲಾದಕ್ಕೂ ಬಾಯಿ ಹಾಕವರು, ಇದಕ್ಕ ಯಾಕ ಮುಚಗೊಂಡೀರಿ?" ಎನ್ನುತ್ತಾಳೆ. ನಾನು ಅಂಗಿ ತೊಟ್ಟು ಹೊರಗೆ ಹೋಗುತ್ತೇನೆ.

ಕೂಸಿಗೆ ಹೆಸರಿಟ್ಟ ಮೇಲೆ ತಿಳಿಸು. ಬಾಣಂತಿ ನೀನು, ತಣ್ಣೀರು ಮುಟ್ಟಬೇಡ. ನಿನ್ನ ಮನೆ ತುಂಬಿರಲಿ, ಕೂಸು ನೂರು ವರ್ಷ ಬಾಳಲಿ, ನಿನ್ನ ನಾಲಿಗೆ ನನ್ನ ನಾಲಿಗೆಯಂತಾಗದಿರಲಿ.

ನಿನ್ನ ಮಾಮ
ಕಲ್ಲಣ್ಣ

ತಾ.ಕ.: ಲಕೋಟೆ ಅಂಟಿಸಿ ಮತ್ತೆ ಬಿಚ್ಚಿದ್ದೇನೆ, ನಂದಾ. ಅವರು ಮನಸ್ಸು ಬದಲಿಸಲಿಲ್ಲ.

ಏಪ್ರಿಲಿನಲ್ಲಿ ಜಡ್ಡು ಮೈಯಲ್ಲೇ ಜೀಪಿನಲ್ಲಿ ಬಂದಿದ್ದರು, ಜಾಗ ನೋಡಲು. ನಾನು ಬಸ್‌ಸ್ಟ್ಯಾಂಡಿನ ಹೋಟೆಲಿನಲ್ಲಿ ಚಹಾ ಕುಡಿಯುತ್ತಿದ್ದೆ. ಜೀಪು ಅದರ ಮುಂದೆಯೇ ನಿಂತಿತು. ಅಷ್ಟರಲ್ಲಿ ನಮ್ಮ ದಾಯಾದಿ ಕಾಂತೇಶ, ಈ ಸಲ ಸರಪಂಚ ಆಗಬೇಕೆಂದು ಓಡಾಡುತ್ತಿರುವವನು, ಎಲ್ಲರ ಮುಂದೆ ಕೇಳಿದ: "ಏನ್ರಿ ಕಾಕಾ, ಹೊಲದಾಗ ಪಾದ್ರಿ ಗೋರಿ ಮಾಡಾಕತ್ತೀರಂತ? ಇವತ್ತ ಗೋರಿ, ನಾಳಿಗಿ ಚರ್ಚು, ನಾಡದ ಮಂದೀನ ಜಾತಿ ಬಿಡಸತಾರ. ಊರು ಸುಮ್ಮ ಕುಂದ್ರತೈತಿ ಅಂತ ತಿಳದೀರೇನು?"

ಎಲ್ಲರೂ ನನ್ನ ಮುಖ ನೋಡಿದರು. ಒಬ್ಬನೂ ನಗುತ್ತಿರಲಿಲ್ಲ. ನನಗೆ ಹೆದರಿಕೆಯಾಯಿತು, ನಂದಾ. ನಾನೆಂದೆ: "ಹೋಗೋ ಹುಚ್ಚಪ್ಪಾ, ನಾ ಚೇಷ್ಟಿ ಮಾಡಿದ್ದೆ! ಮುದುಕ ಖರೇ ಅಂತ ತಿಳಕೊಂಡು ಹಾಸಿಗಿ ಸುತಗೊಂಡು ಬಂದೈತಿ ನೋಡು!"

ಹೋಟೆಲೆಲ್ಲ ನಕ್ಕಿತು. ನಾನೂ ನಕ್ಕೆ. ತಿರುಗಿ ನೋಡಿದರೆ ಜೀಪಿನ ಕಿಟಕಿ ತೆರೆದೇ ಇತ್ತು.

ಹತ್ತಿರ ಹೋದೆ. "ಬಿಸಲ ಭಾಳ ಐತಿ, ಕಲ್ಲಣ್ಣ. ನೆರಳಿಗೆ ಹೋಗು" ಎಂದರು. ಶೈಲೇಶನಿಗೆ ಗಾಡಿ ತಿರುಗಿಸಲು ಹೇಳಿದರು. ಅವತ್ತೇ ಪುಣೆಗೆ ತಿಳಿಸಿದರಂತೆ: ಕಲ್ಲಣ್ಣ ಕೊಡಲು ತಯಾರಿದ್ದಾನೆ, ನನಗೇ ಬೇಡ.

ಮಣ್ಣಿನ ದಿನ ಶೈಲೇಶ ನನ್ನ ಕೈ ಹಿಡಿದು ಮುಂದಿನ ಸಾಲಿಗೆ ಒಯ್ಯುವಾಗ ಕಿವಿಯಲ್ಲಿ ಹೇಳಿದ, "ಅವರು ಹೇಳಿ ಹೋಗ್ಯಾರಂತ ಕೂಡ್ರಸಾಕತ್ತೀನಿ ರೀ, ಇಲ್ಲಂದ್ರ ಗೇಟಿನ್ಯಾಗೂ ಬಿಡತಿದ್ದಿಲ್ಲ."

ನಿನ್ನ ಮಾಮಿಗೆ ನಾನು ಹೇಳಲಾರೆ.

ನಿನ್ನೆ ಹೋಟೆಲಿಗೆ ಪರವೂರಿನ ಬೀಗರು ಬಂದಿದ್ದರು. ಕಾಂತೇಶ ನನಗೆ ಚಹಾ ತರಿಸಿ, "ಕಾಕಾ, ಆ ಹಾಸಿಗಿ ಸುತಗೊಂಡು ಬಂದ ಮುದುಕನ ಮಾತು ಹೇಳ್ರಿ ಇವರಿಗೆ" ಎಂದ.

ನಾನು ಹೇಳಿದೆ. ಎಲ್ಲರೂ ನಕ್ಕರು.