ಮದುವೆಗೊಂದು ಎನ್ಒಸಿ

ಫೆಬ್ರವರಿ 3, ಸೋಮವಾರ. ಬೆಳಿಗ್ಗೆ 6.20, ಬಸ್ಸಿನಲ್ಲಿ

ಮತ್ತೆ ಅದೇ ಪಾಠ. ಸ್ಲೀಡ್ರೆಖ್ಟ್. ಹಾಲೆಂಡಿನ ಪುಟ್ಟ ಪುರಸಭೆ. ಜನ ಇಪ್ಪತ್ತೈದು ಸಾವಿರ ಚಿಲ್ಲರೆ — ಇಲ್ಲಿ ಗಲ್ಫಿನಲ್ಲಿ, ಅಲ್ ನಹ್ದಾದ ನಮ್ಮ ನಾಲ್ಕು ರಸ್ತೆ ಸೇರಿಸಿದರೆ ಅಷ್ಟಾದೀತು. ಮೆರ್ವೆಡೆ ನದಿ. ನದಿಗೆ ಒಡ್ಡು, ಒಡ್ಡಿನ ಮೇಲೆ ರಸ್ತೆ, ಒಡ್ಡಿಗೆ ಆತುಕೊಂಡ ಮನೆಗಳು. ಹೂಳೆತ್ತುವವರ ಊರು. ಗಂಡಸರು ಡ್ರೆಜರ್ ಹಡಗು ಹತ್ತಿ ದೇಶ ದೇಶ ಸುತ್ತಿದರು, ಹೆಂಗಸರು ಮನೆ ನಡೆಸಿದರು. ಇದನ್ನೂ ಬಾಯಿಪಾಠ ಮಾಡಬೇಕಾ? ನಮ್ಮೂರು ಶಿರ್ವದ ಕಥೆಯೇ.

ಹೆಂಕ್ ಹುಟ್ಟಿದ ಊರು. ಇಲ್ಲಿ ಹೂಳೆತ್ತುವ ಕಂಪೆನಿಯಲ್ಲಿ ಹತ್ತು ವರ್ಷ ಇದ್ದು, ನವೆಂಬರಿನಲ್ಲಿ ವಾಪಸ್ ಹೋದ. ಜೂನ್‌ನಲ್ಲಿ ನಮ್ಮ ಮದುವೆ. ನಲವತ್ತೇಳರ ಲೂರ್ದ್, ಕ್ಲಿನಿಕ್ಕಿನ ಲ್ಯಾಬ್ ಟೆಕ್ನಿಶಿಯನ್, ಒಂಬತ್ತು ವರ್ಷದ ವಿಧವೆ — ಅವಳ ಮದುವೆ. ಹೌದು, ನನ್ನದೇ. ಅಕ್ಷರ ನಡುಗಿದ್ದು ಬಸ್ಸಿನಿಂದ.

ವೀಸಾಕ್ಕೆ ಡಚ್ ಪರೀಕ್ಷೆ ಬೇರೆ ಉಂಟು. ಊರಿನ ಪಾಠ ಅದಕ್ಕಲ್ಲ, ಹೆಂಕನ ತಾಯಿಗೆ. ಎಂಬತ್ತೆರಡು ವರ್ಷ. ಪ್ರತಿ ಭಾನುವಾರ ವಿಡಿಯೋದಲ್ಲಿ ನನ್ನನ್ನು ಟೆಸ್ಟ್ ಮಾಡುತ್ತಾಳೆ.

ಫೆಬ್ರವರಿ 9, ಭಾನುವಾರ

ಇವತ್ತಿನ ಟೆಸ್ಟು — 1421ರ ನೆರೆ. ಹಳೆಯ ಸ್ಲೀಡ್ರೆಖ್ಟ್ ನದಿಯ ಆಚೆ ಇತ್ತಂತೆ. ಮುಳುಗಿತು. ಜನ ಈಚೆ ದಡದಲ್ಲಿ ಮನೆ ಕಟ್ಟಿಕೊಂಡರು, ಮುಳುಗಿದ ಊರಿನ ಹೆಸರೂ ಈಚೆಗೇ ಬಂತು. ಪೂರ್ತಿ ಹೇಳಿದೆ. ಮುದುಕಿ ಖುಷ್.

ಆಮೇಲೆ ಅವಳ ಕಡೆಯಿಂದ ಉಪದೇಶ. ಭಾನುವಾರ ಬಟ್ಟೆ ಒಣಹಾಕಬಾರದು, ಹಳಬರಿಗೆ ಸೇರುವುದಿಲ್ಲ. ಹೇಳದೆ ಕೇಳದೆ ನೆರೆಮನೆಗೆ ಹೋಗಬಾರದು. ನಾನೂ ಹೇಳಿದೆ, ನನ್ನ ಮನೆಗೆ ಯಾರು ಯಾವಾಗ ಬಂದರೂ ಮೀನುಸಾರು ಇರುತ್ತದೆ ಅಂತ. ಹೆಂಕ್ ಅನುವಾದ ಮಾಡುವಾಗ ಅರ್ಧ ನುಂಗಿದ. ನುಂಗಲಿ, ಜೂನ್ ನಂತರ ನಾನೇ ಹೇಳುತ್ತೇನೆ.

ಫೆಬ್ರವರಿ 14, ಶುಕ್ರವಾರ

ಮದುವೆಗೆ ಬೇಕಾದ ಪೇಪರುಗಳ ಲಿಸ್ಟ್ ಬಂತು. ತೀರಿಹೋದ ಗಂಡ ಕ್ಲೈವ್‌ನ ಡೆತ್ ಸರ್ಟಿಫಿಕೇಟ್ ಬೇಕು. ಅಟೆಸ್ಟ್ ಮಾಡಿಸಿ, ಸರ್ಕಾರಿ ಸೀಲು ಹಾಕಿಸಿ ಕೊಡಬೇಕು.

ಅದು ನನ್ನಲ್ಲಿ ಇಲ್ಲ. ಆಗಸ್ಟಿನ್ ಬಾವನ ಹತ್ತಿರ. ಕ್ಲೈವ್‌ನ ಅಣ್ಣ. ಅಬುಧಾಬಿಯ ಎಲೆಕ್ಟ್ರಾ ಸ್ಟ್ರೀಟಿನಲ್ಲಿ ಮೊಬೈಲ್ ಅಂಗಡಿ. ಕ್ಲೈವ್ ಹೋದಾಗ ಬಾಡಿ ಊರಿಗೆ ಕಳಿಸುವ ಓಡಾಟವೆಲ್ಲ ಅವರದ್ದೇ. ನಾನು ಆಗ ನಾನಾಗಿರಲಿಲ್ಲ. ಕಾಗದ ಅವರ ಲಾಕರಿನಲ್ಲೇ ಉಳಿಯಿತು.

ಫೋನ್ ಮಾಡಿದೆ. ಮದುವೆಯ ವಿಷಯ ಇಗರ್ಜಿಗೆ ಬರುವವರಿಂದ ಅವರಿಗೆ ಮೊದಲೇ ಮುಟ್ಟಿತ್ತು.

"ಕಾಗದ ಕೊಡುವ. ಮೊದಲು ರಯಾನ್‌ನದ್ದು ಒಂದು ಎನ್ಒಸಿ ಬರಲಿ."

"ಎಂತದ್ದು?"

"ಎನ್ಒಸಿ ಮಾರಾಯ್ತಿ. ಅಮ್ಮನ ಮದುವೆಗೆ ನನ್ನ ಆಕ್ಷೇಪ ಇಲ್ಲ ಅಂತ. ಸೈನ್ ಹಾಕಿ ಕಳಿಸ್ಲಿ. ನಾಳೆ ನನ್ನನ್ನು ಯಾರೂ ಕೇಳಬಾರ್ದು."

ಇಲ್ಲಿ ಕೆಲಸ ಬಿಡಲಿಕ್ಕೆ ಎನ್ಒಸಿ, ಮನೆ ಬದಲಿಸಲಿಕ್ಕೆ ಎನ್ಒಸಿ. ಕೇಳಿ ಕೇಳಿ ಅಭ್ಯಾಸ. ಆದರೆ ನಾನು ಹೆತ್ತವನ ಹತ್ತಿರ? ಇಪ್ಪತ್ತು ವರ್ಷದ ಹುಡುಗನ ಹತ್ತಿರ? ಕೇಳುವುದಿಲ್ಲ ಬಾವ, ಅಂದೆ. ಫೋನ್ ಇಟ್ಟೆ.

ಫೆಬ್ರವರಿ 16, ಭಾನುವಾರ

ಬಾವ ನೇರ ರಯಾನ್ ಓದುತ್ತಿರುವ ಮಣಿಪಾಲಕ್ಕೇ ಫೋನ್ ಹಚ್ಚಿದ್ದಾರೆ. ರಯಾನ್ ಕಾಲ್ ಮಾಡಿದ.

"ಮಮ್ಮಾ, ಸೀರಿಯಸ್ಲೀ? ಎನ್ಒಸಿ ಫಾರ್ ಯುವರ್ ವೆಡ್ಡಿಂಗ್? ಐ ವಿಲ್ ಸೈನ್, ನೋ ಪ್ರಾಬ್ಲಮ್. ಸೆಂಡ್ ದ ಫಾರ್ಮ್ಯಾಟ್."

"ಸೈನ್ ಹಾಕಿದ್ರೆ ನೋಡು. ಕಾಲು ಮುರಿತೇನೆ."

"ಬಟ್ ಐ ಆ್ಯಮ್ ಓಕೆ ವಿತ್ ಇಟ್!"

"ನೀನು ಓಕೆ ಇರು. ಕಾಗದದಲ್ಲಿ ಬೇಡ."

ನಕ್ಕ. ಆಮೇಲೆ ಡ್ಯಾಡಿಯ ಫೋಟೋ ಅಲ್ಲಿಗೆ ತೆಗೆದುಕೊಂಡು ಹೋಗ್ತೀಯಾ ಅಂತ ಕೇಳಿದ. ಹೋಗ್ತೇನೆ, ಅಂದೆ. ಫೋನ್ ಇಟ್ಟ ಮೇಲೆ ಅಳು ಬಂತು. ಬರಲಿ.

ಮಾರ್ಚ್ 12, ಬುಧವಾರ

ಬರೆಯದೆ ದಿನ ಹೋಯಿತು. ಪರೀಕ್ಷೆ ಮುಗಿಸಿದೆ. ಪಾಸಾಗುತ್ತೇನೆ, ಧೈರ್ಯ ಉಂಟು. ಬಾವನಿಗೆ ಐದು ಮೆಸೇಜ್, ಒಂದಕ್ಕೂ ಉತ್ತರ ಇಲ್ಲ.

ಡೂಪ್ಲಿಕೇಟ್ ಸಿಗುತ್ತದೆ ಮೇಡಂ, ಅಂದ ಸರ್ಕಾರಿ ಅರ್ಜಿ ತುಂಬಿಸಿಕೊಡುವ ಟೈಪಿಂಗ್ ಸೆಂಟರಿನವ. ಸಿಗಲಿ. ನನಗೆ ಬೇಡ. ಹದಿಮೂರು ವರ್ಷ ಸಂಸಾರ ಮಾಡಿದವಳು ನಾನು. ನನ್ನ ಗಂಡನ ಕಾಗದ, ನನಗೇ ಬರಬೇಕು.

ಮಾರ್ಚ್ 22, ಶನಿವಾರ. ಸಂಜೆ 5, ಬಸ್ಸಿನಲ್ಲಿ

ಹೋಗಿಯೇಬಿಟ್ಟೆ. ಎಲೆಕ್ಟ್ರಾ ಸ್ಟ್ರೀಟ್. ರಮ್‌ಜಾನ್, ಮಧ್ಯಾಹ್ನ ಗಿರಾಕಿ ಇಲ್ಲ. ಬಾವ ಒಬ್ಬರೇ. ಕೌಂಟರಿನ ಎದುರು ಕುರ್ಚಿ ಎಳೆದು ಕೂತೆ. "ಕಾಗದ ಸಿಕ್ಕದೆ ಏಳುವುದಿಲ್ಲ ಬಾವ."

"ಎನ್ಒಸಿ..."

"ಇಲ್ಲ. ಬರುವುದೂ ಇಲ್ಲ."

ಕೊನೆಗೆ ಎದ್ದರು. ಲಾಕರ್ ತೆಗೆದರು. ತಂದು ಎದುರಿಗಿಟ್ಟರು, ಮುಖ ನೋಡದೆ.

ಲ್ಯಾಮಿನೇಶನ್! ದಪ್ಪ ಪ್ಲಾಸ್ಟಿಕ್, ನಾಲ್ಕೂ ಕಡೆ ಸೀಲ್. ಪ್ಲಾಸ್ಟಿಕ್ ಹೊದ್ದ ಕಾಗದಕ್ಕೆ ಯಾವ ಆಫೀಸಿನವನೂ ಅಟೆಸ್ಟೇಶನ್ ಸೀಲು ಹಾಕುವುದಿಲ್ಲ. ಇದು ಗಲ್ಫಿನಲ್ಲಿ ಮಗುವಿಗೂ ಗೊತ್ತು. ಬಾವನಿಗೂ ಗೊತ್ತು.

"ಬಾಡಿ ಫ್ಲೈಟ್ ಹತ್ತಿಸಿದ ಮರುದಿನ ಮಾಡಿಸಿದ್ದು," ಅಂದರು. "ಹಾಳಾಗಬಾರದು ಅಂತ. ತಲೆ ಓಡ್ಲಿಲ್ಲ ಲೂರ್ದ್. ನಿನಗೆ ಹೇಗೆ ಹೇಳುದು... ಅದಕ್ಕೇ ಎನ್ಒಸಿ ಅಂದೆ."

ಬೈಯಲಿಕ್ಕೆ ಬಾಯಿ ತೆರೆದೆ. ಪ್ಲಾಸ್ಟಿಕ್ಕಿನ ಮೇಲೆ, ಕ್ಲೈವ್‌ನ ಹೆಸರಿನ ಹತ್ತಿರ, ಬೆರಳು ಆಡಿಸಿ ಆಡಿಸಿ ಮಾಸಿದ ಗುರುತು. ಎಷ್ಟು ಸಲ ತೆಗೆದು ನೋಡಿದ್ದಾರೋ. ನಾನು ಒಂದು ಸಲವೂ ಓದಿರಲಿಲ್ಲ. ಇವತ್ತು ಓದಿದೆ, ಪೂರ್ತಿ. ಓದಿ ಅವರ ಕಡೆಗೆ ತಳ್ಳಿದೆ. "ಇದು ನೀವೇ ಇಟ್ಟುಕೊಳ್ಳಿ. ಅಂಗಡಿ ಮುಚ್ಚಿ, ಡೂಪ್ಲಿಕೇಟ್ ಮಾಡಿಸಲಿಕ್ಕೆ ಟೈಪಿಂಗ್ ಸೆಂಟರಿಗೆ ಬನ್ನಿ."

ಬಂದರು. ಟೈಪಿಸ್ಟ್ ಕಾರಣ ಕೇಳಿದ. "ಶಾದಿ. ಮೇರೀ ಶಾದಿ," ಅಂದೆ, ದೊಡ್ಡದಾಗಿಯೇ. ಸಾಲಿನಲ್ಲಿದ್ದವರೆಲ್ಲ ತಿರುಗಿದರು. ತಿರುಗಲಿ. ಟೈಪಿಸ್ಟ್ ಬಾವನ ಮುಖ ನೋಡಿದ, ಗಂಡಸು ಏನನ್ನುತ್ತಾನೆ ಅಂತ. "ಅವಳು ಹೇಳಿದ್ಳಲ್ಲ! ಲಿಖೋ," ಅಂತ ಬಾವ ಗದರಿದರು.

ಬಸ್ ಸ್ಟ್ಯಾಂಡಿನವರೆಗೆ ಬಂದರು. ಕೇಳಿದ್ದು ಒಂದೇ. "ಆ ಊರಲ್ಲಿ ನಮ್ಮ ಕೆಥೊಲಿಕ್ ಇಗರ್ಜಿ ಉಂಟಾ? ಕ್ಲೈವ್‌ನ ವರ್ಷದ ಪೂಜೆಗೆ?"

"ಉಂಟು ಬಾವ. ನೋಡಿಟ್ಟಿದ್ದೇನೆ."

ಸುಳ್ಳು. ಅಷ್ಟು ಪಾಠ ಓದಿದವಳು ಇದೊಂದನ್ನು ನೋಡಿರಲಿಲ್ಲ. ಮ್ಯಾಪ್ ತೆರೆದು ಕೂತಿದ್ದೇನೆ. ಒಡ್ಡಿನ ಉದ್ದಕ್ಕೂ ಕಾಣುವುದೆಲ್ಲ ಪ್ರೊಟೆಸ್ಟಂಟರದ್ದು. ಹುಡುಕದೆ ಬಿಡುವವಳಲ್ಲ. ನದಿ ದಾಟಿ ಪಕ್ಕದೂರು ದೋರ್ಡ್ರೆಖ್ಟ್‌ನಲ್ಲಿ ನಮ್ಮದೊಂದು ಕಾಣುತ್ತಿದೆ. ವಾಟರ್‌ಬಸ್ ದೋಣಿ ಹತ್ತಿದರೆ —