ಬೇಲಿಯಾಚೆಯ ಎಫೆಂದಿ

ಮರ್ಫಿ, ಟೆಕ್ಸಸ್
ಮೇ 5, 2025

ಪ್ರೀತಿಯ ಸರೋಜಾಗೆ,

ಆಶೀರ್ವಾದಗಳು. ನಿನ್ನ ಮಂಡಿನೋವು ಹೇಗಿದೆ? ಹರ್ಷಿಣಿ ಮಗುವಿಗೆ ಹಾಲು ಕುಡಿಸುವ ಹೊತ್ತಿನಲ್ಲಾದರೂ ನೀನು ಒಂದು ಕಡೆ ಕೂರುತ್ತೀಯೋ, ಇಲ್ಲ ಆಗಲೂ ಬಟ್ಟೆ ಮಡಿಸುತ್ತೀಯೋ? ಕಾಗದ ತಡವಾಯಿತು, ಬೇಸರಿಸಬೇಡ. ಎರಡು ಮೂರು ಸಲ ಶುರುಮಾಡಿದೆ. ಪ್ರತಿ ಸಲವೂ ಪಕ್ಕದ ಮನೆಯ ನೆಜಾತ್ ಬೇಯನ್ನು ಬೈಯುವುದರಲ್ಲೇ ಪುಟ ತುಂಬಿ, ನಿನ್ನ ಕ್ಷೇಮ ಕೇಳುವುದೇ ಮರೆತುಹೋಗುತ್ತಿತ್ತು. ಅದಕ್ಕೆ ಈ ಸಲ ಮೊದಲು ನಿನ್ನ ಮಂಡಿ, ಆಮೇಲೆ ಅವನು.

ಫೋನ್ ಇರುವಾಗ ಕಾಗದ ಯಾಕೆ ಎಂದು ನಗಬೇಡ. ಫೋನಿನಲ್ಲಿ ನಾನು ಬಾಯಿ ತೆರೆಯುವ ಹೊತ್ತಿಗೆ ‘ಇರಿ ಇರಿ, ಪಾಪು ಎದ್ದ’ ಅನ್ನುತ್ತೀಯ. ಕಾಗದವಾದರೆ ಪಾಪು ಮಲಗಿದ ಮೇಲೆ ಓದಬಹುದು.

ಇಲ್ಲಿ ಎಲ್ಲರೂ ಕ್ಷೇಮ. ಹೋದ ತಿಂಗಳ ಆಲಿಕಲ್ಲಿಗೆ ನಮ್ಮ ಬೀದಿಯ ಛಾವಣಿಗಳೆಲ್ಲ ಏಟು ತಿಂದಿವೆ, ದಿನಕ್ಕೊಬ್ಬ ರೂಫಿಂಗಿನವನು ಬಂದು ಬಾಗಿಲು ತಟ್ಟುತ್ತಾನೆ. ಕಸದ ಡಬ್ಬಿ ಬೀದಿಗೆ ಕಾಣುತ್ತಿದೆ ಎಂದು ಬಡಾವಣೆಯ ಸಮಿತಿಯವರು ನೋಟೀಸು ಕಳಿಸಿದ್ದರು. ಅವರದೇ ನಿಯಮಾವಳಿಯನ್ನು ಅವರಿಗೇ ಎತ್ತಿ ತೋರಿಸಿ ಉತ್ತರ ಬರೆದೆ. ನಿನ್ನ ಮಗ ಅನಿರುದ್ಧ್ ಅದನ್ನು ಓದಿ, ‘ಅಣ್ಣ, ಡಬ್ಬಿ ಒಳಗಿಟ್ಟರೆ ಮುಗೀತಲ್ವಾ?’ ಎಂದ. ಈ ದೇಶದ ಪ್ರಜೆ ನಾನು. ಪ್ರಮಾಣವಚನ ತೆಗೆದುಕೊಂಡು ಆಗಿದ್ದೇನೆ. ಡಬ್ಬಿಯನ್ನು ಒಳಗಿಡುತ್ತೇನೆ, ಆದರೆ ಉತ್ತರ ಕೊಟ್ಟೇ ಇಡುತ್ತೇನೆ.

ಆ ಪ್ರಮಾಣವಚನದ ದಿನ ನಿನಗೆ ನೆನಪಿದೆಯೇ? ಅದಕ್ಕೂ ಮೊದಲಿನ ಸಂದರ್ಶನದಲ್ಲಿ ಆ ಅಧಿಕಾರಿ, ನಿಮಗೆ ವಂಶಪಾರಂಪರ್ಯವಾದ ಬಿರುದು ಏನಾದರೂ ಇದೆಯೇ, ಇದ್ದರೆ ಬಿಡಬೇಕಾಗುತ್ತದೆ ಎಂದು ಕೇಳಿದ್ದ. ಇಲ್ಲ ಎಂದೆ. ಹೊರಗೆ ಬಂದಾಗ ನೀನು, ‘ಮೇಷ್ಟ್ರು ಅನ್ನೋದನ್ನ ಬಿಟ್ಟುಕೊಟ್ರಾ ಹಾಗಾದ್ರೆ?’ ಎಂದು ನಕ್ಕಿದ್ದೆ. ನಗುವಿಗೆ ಹೇಳಿದರೂ ಅದು ನಿಜವೇ ಆಯಿತು. ಸರಸ್ವತಿಪುರಂನಲ್ಲಿ ತರಕಾರಿಗೆ ಹೋದರೂ ಯಾರಾದರೊಬ್ಬ ಹಳೆಯ ವಿದ್ಯಾರ್ಥಿ ಸ್ಕೂಟರ್ ನಿಲ್ಲಿಸಿ ‘ಸಾರ್’ ಅನ್ನುತ್ತಿದ್ದ. ಇಲ್ಲಿ ನಾನು ದಿಯಾಳ ತಾತ. ಈಗ ಅದೂ ಅನುಮಾನ.

ನೆಜಾತ್ ಬೇಯ ವಿಷಯಕ್ಕೆ ಬರುತ್ತೇನೆ. ನೀನು ಹರ್ಷಿಣಿಯ ಬಾಣಂತನಕ್ಕೆಂದು ಪೇರ್ಲ್ಯಾಂಡಿಗೆ ಹೊರಡುವ ಹೊತ್ತಿಗೆ ಅವನಿನ್ನೂ ಬರೀ ಕೈಬೀಸುವ ಪಕ್ಕದ ಮನೆಯವನಾಗಿದ್ದ. ಇಜ್ಮೀರಿನವನು, ಬಟ್ಟೆಮಿಲ್ಲಿನಲ್ಲಿ ಇಂಜಿನಿಯರಾಗಿ ನಿವೃತ್ತನಾದವನು, ಹೆಂಡತಿ ತೀರಿಕೊಂಡ ಮೇಲೆ ಮಗನ ಮನೆಗೆ ಬಂದವನು. ‘ಬೇ’ ಎಂದರೆ ಅವರಲ್ಲಿ ಹೆಸರಿನ ಹಿಂದೆ ಸೇರಿಸುವ ಮರ್ಯಾದೆ, ನಮ್ಮ ‘ಅವರು’ ಇದ್ದಂತೆ. ನನ್ನನ್ನೂ ‘ಸತ್ಯ ಬೇ’ ಎನ್ನುತ್ತಾನೆ. ಮೊದಮೊದಲು ಕೇಳಲು ಹಿತವಾಗಿತ್ತು ಎಂಬುದನ್ನು ನಿನ್ನಿಂದ ಮುಚ್ಚಿಡುವುದಿಲ್ಲ.

ಆಮೇಲೆ ದಿಯಾ ಅವನ ಹಿತ್ತಲಿಗೆ ಹೋಗತೊಡಗಿದಳು. ಪಗಡೆಯಂಥದ್ದೇ ಅವರದೊಂದು ಆಟವಿದೆ, ಅದನ್ನು ಕಲಿಸಿದ. ಚಿಕ್ಕ ಗಾಜಿನ ಲೋಟದಲ್ಲಿ ಕೆಂಪು ಚಹಾ ಕೊಟ್ಟ. ನಮ್ಮ ತೊವ್ವೆ ಕಂಡರೆ ಮೂಗು ಮುರಿಯುವ ಹುಡುಗಿ ಅವನ ಮನೆಯ ಬೇಳೆಸೂಪನ್ನು ಎರಡನೆಯ ಸಲ ಹಾಕಿಸಿಕೊಳ್ಳುತ್ತಾಳಂತೆ. ನಾನು ವಿಚಾರಿಸಿದೆ. ಅದು ಮಸೂರ್ ಬೇಳೆ. ನಮ್ಮ ಅಡುಗೆಮನೆಯ ಮೇಲಿನ ಶೆಲ್ಫಿನಲ್ಲೂ ಅದೇ ಇದೆ.

ಇದನ್ನೆಲ್ಲ ಸಹಿಸಿಕೊಂಡೆ. ಸಹಿಸಲಾಗದ್ದು ಇನ್ನೊಂದು. ನಮ್ಮ ಮನೆಯಲ್ಲಿ ಯಾರಾದರೂ ಕರೆದರೆ ‘ಓ’ ಅನ್ನಬೇಕು. ನಮ್ಮಮ್ಮ ಬೇರೆ ಯಾವ ತಪ್ಪನ್ನಾದರೂ ಕ್ಷಮಿಸುತ್ತಿದ್ದಳು, ಕರೆದಾಗ ಓಗೊಡದವರನ್ನು ಕ್ಷಮಿಸುತ್ತಿರಲಿಲ್ಲ. ಅನಿರುದ್ಧ್, ಹರ್ಷಿಣಿ ಇಬ್ಬರನ್ನೂ ನೀನು ಹಾಗೇ ಬೆಳೆಸಿದೆ. ದಿಯಾಳನ್ನು ನಾನು ಮೆಟ್ಟಿಲ ಕೆಳಗೆ ನಿಂತು ಕರೆಯುತ್ತೇನೆ. ಗಂಟಲು ನೋಯುವಷ್ಟು ಕರೆದ ಮೇಲೆ ಮೇಲಿನಿಂದ ‘ವಾಟ್?’ ಎಂದು ಬರುತ್ತದೆ. ಅದೇ ಹುಡುಗಿ, ಬೇಲಿಯಾಚೆಯಿಂದ ಆ ಮನುಷ್ಯ ಒಂದೇ ಸಲ ‘ದಿಯಾ!’ ಎಂದರೆ, ‘ಎಫೆಂದಿಂ!’ ಎಂದು ಕೂಗಿಕೊಂಡು ಬರಿಗಾಲಿನಲ್ಲಿ ಓಡುತ್ತಾಳೆ. ಎಫೆಂದಿಂ ಎಂದರೆ ಏನು ಗೊತ್ತೇ? ‘ನನ್ನ ಒಡೆಯ’ ಎಂದು. ಅವರಲ್ಲಿ ಕರೆದವರಿಗೆ ಹಾಗೆ ಉತ್ತರ ಕೊಡುತ್ತಾರೆ, ಫೋನ್ ಎತ್ತಿದರೂ ಅದೇ ಮಾತು. ನನಗೆ ವಾಟ್, ಅವನಿಗೆ ಒಡೆಯ!

ಶರ್ವಾಣಿಗೆ ಹೇಳಿದೆ. ಸೊಸೆ ನಕ್ಕುಬಿಟ್ಟಳು. ‘ಮಾವಾರ, ಅದು ಅಕಿಗೆ ಆಟ ಅದರೀ. ನೀವು ಎದಿಗೆ ಹಚ್ಚಿಕೋಬ್ಯಾಡ್ರಿ’ ಎಂದಳು. ಆಟವೇ ಆದರೆ ನನ್ನ ಜೊತೆಗೂ ಆಡಬಹುದಿತ್ತಲ್ಲ ಎಂದೆ. ‘ನೀವು ಚೌಕಾಬಾರ ಆಡಬೇಕಾದ್ರ ಆಟಕ್ಕಿಂತ ಅದರ ಇತಿಹಾಸ ಉದ್ದ ಹೇಳ್ತೀರಿ’ ಎಂದಳು. ಧಾರವಾಡದವರ ಬಾಯಿಗೆ ನಾನು ಎಂದೂ ಎದುರು ನಿಂತವನಲ್ಲ.

ಇದರ ಮೇಲೆ ಶಾಲೆಯ ಇತಿಹಾಸ ಸ್ಪರ್ಧೆ ಬಂತು. ಮಕ್ಕಳು ಒಂದು ವಿಷಯ ಆರಿಸಿ, ದೊಡ್ಡ ಮೂರು ಮಡಿಕೆಯ ಫಲಕ ಮಾಡಿ, ತೀರ್ಪುಗಾರರ ಎದುರು ನಿಂತು ವಿವರಿಸಬೇಕು. ದಿಯಾ ಆರಿಸಿದ್ದು ಏನು ಹೇಳು? ‘ಎಫೆಂದಿ: ಒಂದು ದೇಶ ಬಿಟ್ಟುಕೊಟ್ಟ ಬಿರುದು.’ ನನಗೆ ಯಾರೂ ಹೇಳಲಿಲ್ಲ. ಗ್ಯಾರೇಜಿನಲ್ಲಿ ಕಸದ ಡಬ್ಬಿ ಒಳಗಿಡಲು ಹೋದಾಗ ಕಣ್ಣಿಗೆ ಬಿತ್ತು. ಬಿ.ಎ. ಮಕ್ಕಳಿಗೆ ಒಟ್ಟೋಮನ್ ಸಾಮ್ರಾಜ್ಯದ ಪಾಠ ಹೇಳುತ್ತಲೇ ತಲೆ ನರೆದವನು ನಾನು. ಸರೋಜಾ, ನಮ್ಮ ಮನೆಯಲ್ಲೇ ಬಾವಿ ಇರುವಾಗ ಆ ಹುಡುಗಿ ಬೇಲಿ ಹಾರಿ ನೀರು ತಂದಿದ್ದಾಳೆ.

ಫಲಕದ ಮೊದಲ ಸಾಲಿನಲ್ಲೇ ತಪ್ಪಿತ್ತು. ಎಫೆಂದಿ ತುರ್ಕಿ ಪದ ಎಂದು ಬರೆದಿದ್ದಳು. ನಾನು ಮೇಲೆ ಹೋಗಿ, ಮಗು, ಅದು ಮೂಲದಲ್ಲಿ ಗ್ರೀಕ್ ಎಂದೆ. ಗ್ರೀಕರಲ್ಲಿ ‘ಔಥೆಂತೇಸ್’ ಎಂದರೆ ಸ್ವಂತ ಅಧಿಕಾರದಿಂದ ನಡೆಯುವವನು, ಯಜಮಾನ. ಕಾನ್‌ಸ್ಟಾಂಟಿನೋಪಲ್ಲಿನ ಜನರ ಬಾಯಲ್ಲಿ ಅದು ‘ಅಫೆಂದಿಸ್’ ಆಗಿ, ಅಲ್ಲಿಂದ ತುರ್ಕರಿಗೆ ದಾಟಿತು. ನೀವು ಇಂಗ್ಲಿಷಿನಲ್ಲಿ ಅಥೆಂಟಿಕ್ ಅನ್ನುತ್ತೀರಲ್ಲ, ಅದೂ ಅದೇ ಬೇರಿನದು ಎಂದೆ. ದಿಯಾ ಕಿವಿಯಿಂದ ಹೆಡ್‌ಫೋನ್ ತೆಗೆದಳು. ಅವಳು ಇಂಗ್ಲಿಷಿನಲ್ಲಿ ಕೇಳಿದ್ದನ್ನು ಕನ್ನಡದಲ್ಲಿ ಬರೆಯುತ್ತೇನೆ: ‘ತಾತ, ಇದೆಲ್ಲ ನಿಮಗೆ ಹೇಗೆ ಗೊತ್ತು?’

ಬಾಗಿಲಲ್ಲಿದ್ದ ಶರ್ವಾಣಿ, ‘ಹೆಂಗ ಅಂದ್ರ? ತಾತ ಹಿಸ್ಟರಿ ಪ್ರೊಫೆಸರ್ ಇದ್ರಲ್ಲವಾ!’ ಎಂದಳು.

‘ನಾನು ಬ್ಯಾಂಕ್ ಅಂದುಕೊಂಡಿದ್ದೆ’ ಎಂದಳು ದಿಯಾ.

ಬ್ಯಾಂಕ್! ನಾನು ಅಲ್ಲಿಂದ ನೇರ ಬೇಲಿಯಾಚೆ ಹೋದೆ. ಜಗಳಕ್ಕೇ ಹೋದೆ ಎಂದಿಟ್ಟುಕೋ. ಮಗುವಿಗೆ ತಪ್ಪು ಕಲಿಸಿದ್ದೀರಿ, ಆ ಪದ ಗ್ರೀಕ್ ಎಂದೆ. ಅವನು ಟೊಮೇಟೊ ಗಿಡಕ್ಕೆ ಕೋಲು ಕಟ್ಟುತ್ತಿದ್ದ. ‘ಗೊತ್ತು ಸತ್ಯ ಬೇ. ನನ್ನ ಅಜ್ಜಿ ಕೇಳಿಸಿಕೊಳ್ಳುತ್ತಾಳೇನೋ ಅಂತ ನಾನು ಜೋರಾಗಿ ಹೇಳುವುದಿಲ್ಲ’ ಎಂದು ನಕ್ಕು, ಚಹಾ ತಂದ. ಆಮೇಲೆ ಆ ಅಜ್ಜಿಯ ಕಥೆ ಹೇಳಿದ.

ಅಜ್ಜಿಯ ತಂದೆ ನ್ಯಾಯಾಧೀಶರು. ಊರೆಲ್ಲ ಅವರನ್ನು ಎಫೆಂದಿ ಎನ್ನುತ್ತಿತ್ತು. ಆಗೆಲ್ಲ ಓದುಬರಹ ಬಲ್ಲ ದೊಡ್ಡವರಿಗೆ ಆ ಬಿರುದು. ಸುಲ್ತಾನನ ಗಂಡುಮಕ್ಕಳ ಹೆಸರಿಗೂ ಅದೇ. 1934ರಲ್ಲಿ ಗಣರಾಜ್ಯದವರು ಕಾನೂನು ಮಾಡಿ ಎಫೆಂದಿ, ಬೇ, ಪಾಷಾ ಎಲ್ಲವನ್ನೂ ಒಂದೇ ಏಟಿಗೆ ತೆಗೆದರು. ಆದರೆ ಬಾಯಿಗೆ ಕಾನೂನು ಎಲ್ಲಿದೆ? ಬೇ ಹಾಗೇ ಉಳಿಯಿತು. ಎಫೆಂದಿ ಮಾತ್ರ ಮೆಟ್ಟಿಲಿಳಿಯುತ್ತ ಹೋಯಿತು. ನೆಜಾತ್ ಬೇ ಹುಡುಗನಾಗಿದ್ದಾಗ ಅವರ ವಠಾರದಲ್ಲಿ ಎಫೆಂದಿ ಅನಿಸಿಕೊಂಡಿದ್ದವನು ನೆಲಮಾಳಿಗೆಯ ಬಾಯ್ಲರಿಗೆ ಕಲ್ಲಿದ್ದಲು ಹಾಕುವ ಬಾಗಿಲುಗಾವಲಿನವನು. ‘ಹಸನ್ ಎಫೆಂದಿ, ಬ್ರೆಡ್ ತಾ’ ಎಂದು ಹೆಂಗಸರು ಮೇಲಿನಿಂದ ಕೂಗಿದಾಗಲೆಲ್ಲ ಅಜ್ಜಿ ಎದ್ದುಹೋಗಿ ಕಿಟಕಿ ಮುಚ್ಚುತ್ತಿದ್ದಳಂತೆ. ಅಪ್ಪನನ್ನೇ ಯಾರೋ ಬ್ರೆಡ್ಡಿಗೆ ಕಳಿಸಿದ ಹಾಗೆ ಆಗುತ್ತಿತ್ತು ಅವಳಿಗೆ.

ನನಗೆ ಹೊಟ್ಟೆಕಿಚ್ಚಾಯಿತು. 1934 ಎಂದು ನಾನು ಪ್ರತಿ ವರ್ಷ ಕಪ್ಪುಹಲಗೆಯ ಮೇಲೆ ಬರೆದಿದ್ದೇನೆ. ಒಬ್ಬ ಹುಡುಗನೂ ತಲೆ ಎತ್ತಿ ನೋಡಲಿಲ್ಲ. ಇವನಿಗೆ ಒಬ್ಬ ಅಜ್ಜಿ, ಒಂದು ಕಿಟಕಿ ಸಾಕಾಯಿತು. ನನ್ನ ಮೊಮ್ಮಗಳು ಆ ಕಿಟಕಿಯನ್ನು ರಟ್ಟಿನಲ್ಲಿ ಕತ್ತರಿಸಿ ಫಲಕದ ನಡುವೆ ಅಂಟಿಸಿದ್ದಾಳೆ, ಎಳೆದರೆ ಮುಚ್ಚುತ್ತದೆ.

ಡಾಲಸ್ ಸುತ್ತಿನ ಸ್ಪರ್ಧೆಯಲ್ಲಿ ಅವಳು ಗೆದ್ದಳು. ರಾಜ್ಯಮಟ್ಟದ್ದು ಆಸ್ಟಿನ್ನಿನಲ್ಲಿ. ಅನಿರುದ್ಧ್ ಡ್ರೈವ್ ಮಾಡಿದ, ಪಕ್ಕದಲ್ಲಿ ಶರ್ವಾಣಿ. ಹಿಂದಿನ ಸೀಟಿನಲ್ಲಿ ದಿಯಾ, ಅವಳ ಎಡಕ್ಕೆ ನಾನು, ಬಲಕ್ಕೆ ಅವನು. ಹೌದು, ಅವನೂ ಬಂದ. ಅವಳೇ ಕರೆದಿದ್ದಳು. ನನ್ನನ್ನು ಕರೆಯಲಿಲ್ಲ, ಮನೆಯವರು ಹೇಗೂ ಬರುತ್ತಾರೆ ಎಂದಿರಬೇಕು. ವೇಕೋ ಹತ್ತಿರ ಟ್ರಾಫಿಕ್ಕಿನಲ್ಲಿ ಕಾರು ಆಮೆಯಾಯಿತು. ವೆಸ್ಟ್ ಎಂಬ ಊರಿನಲ್ಲಿ ನಿಲ್ಲಿಸಿ ಕೊಲಾಚೆ ಎಂಬ ಹಣ್ಣು ತುಂಬಿದ ಬನ್ನು ತಿಂದೆವು. ಅವನು ತನ್ನದರಲ್ಲಿ ಅರ್ಧ ಮುರಿದು ಅವಳಿಗೆ ಕೊಟ್ಟ. ನಾನು ನನ್ನದನ್ನು ಇಡಿಯಾಗಿ ಕೊಟ್ಟೆ. ‘ಐ ಆಮ್ ಫುಲ್, ತಾತ’ ಎಂದಳು.

ಆಸ್ಟಿನ್ನಿನಲ್ಲಿ ದೊಡ್ಡ ಸಭಾಂಗಣ. ಮನೆಯವರು ಹಗ್ಗದಾಚೆ ನಿಲ್ಲಬೇಕು, ಮಾತಾಡುವಂತಿಲ್ಲ. ಮೂವರು ತೀರ್ಪುಗಾರರು. ಮೊದಲ ಸಾಲು ಈಗ ಸರಿಯಾಗಿತ್ತು: ಗ್ರೀಕ್. ಅದರ ಕೆಳಗೆ ನನ್ನ ಹೆಸರಿರುತ್ತದೆಯೇನೋ ಎಂದು ಕನ್ನಡಕ ಒರೆಸಿಕೊಂಡು ನೋಡಿದೆ. ಇರಲಿಲ್ಲ. ಅವನ ಹೆಸರು ಕೆಳಗೆ ಕೃತಜ್ಞತೆಯಲ್ಲಿತ್ತು.

ಒಬ್ಬಾಕೆ ಕೇಳಿದರು, ನೀನು ತುರ್ಕಿಯವಳಲ್ಲ, ಈ ವಿಷಯವೇ ಯಾಕೆ ಎಂದು. ದಿಯಾ ಹೇಳಿದಳು: ‘ನನ್ನ ಪಕ್ಕದ ಮನೆಯವರು ಕರೆದರೆ ನಾನು ಎಫೆಂದಿಂ ಅನ್ನುತ್ತೇನೆ. ಅದರೊಳಗೆ ಒಬ್ಬ ಒಡೆಯ ಇದ್ದಾನೆ. ಬಿರುದು ಕಾನೂನಿನಿಂದ ಹೋಯಿತು, ಉತ್ತರದಲ್ಲಿ ಉಳಿಯಿತು. ನಮ್ಮ ಮನೆಯಲ್ಲಿ ಕರೆದರೆ “ಓ” ಅನ್ನಬೇಕು. ಅದರಲ್ಲಿ ಯಾರೂ ದೊಡ್ಡವರಿಲ್ಲ, ಚಿಕ್ಕವರಿಲ್ಲ. ಕೇಳಿಸಿತು, ಇಲ್ಲೇ ಇದ್ದೇನೆ ಅಂತ ಅಷ್ಟೇ. ಕೆಲವರ ಉತ್ತರದಲ್ಲಿ ಒಡೆಯ ಯಾಕಿದ್ದಾನೆ, ನಮ್ಮದರಲ್ಲಿ ಯಾಕಿಲ್ಲ ಅಂತ ನೋಡಬೇಕು ಅನ್ನಿಸಿತು.’

ಹೇಗೆ ಅನ್ನುತ್ತೀರಿ, ಒಮ್ಮೆ ಹೇಳು ಎಂದರು ಆಕೆ. ದಿಯಾ ತಲೆ ಸ್ವಲ್ಪ ಓರೆ ಮಾಡಿ, ‘ಓ...’ ಎಂದಳು. ಕೊನೆಗೆ ಒಂಚೂರು ಇಳಿಯುವ, ಇದೋ ಬಂದೆ ಎನ್ನುವ ಹಾಗಿರುವ ಓ. ಅದು ನಿನ್ನದೇ, ಸರೋಜಾ. ನಾನು ಕರೆಯುವುದು, ನೀನು ಅಡುಗೆಮನೆಯಿಂದ ಓಗೊಡುವುದು, ಇದನ್ನು ಹುಟ್ಟಿದಾಗಿನಿಂದ ಕೇಳಿ ಕೇಳಿ ಕಲಿತುಬಿಟ್ಟಿದ್ದಾಳೆ. ಅವಳಿಗೆ ಬರುತ್ತದೆ! ಮೂವರು ಅಪರಿಚಿತರಿಗೆ ಅಷ್ಟು ಚೆನ್ನಾಗಿ ಕೊಟ್ಟಳು, ನನಗೆ ಈವರೆಗೆ ಕೊಟ್ಟಿಲ್ಲ. ನೆಜಾತ್ ಬೇ ಮೊಣಕೈಯಿಂದ ತಿವಿದು, ‘ಇದನ್ನು ನೀವು ಕಲಿಸಿದ್ದಾ?’ ಎಂದು ಪಿಸುಗುಟ್ಟಿದ. ‘ನನ್ನ ಹೆಂಡತಿ’ ಎಂದೆ. ಅವನ ಮುಖದಲ್ಲಿ ಮೊದಲ ಸಲ ಅಸೂಯೆ ಕಂಡೆ. ನನಗೆ ಅದರಿಂದ ಆಗಬೇಕಾದಷ್ಟು ಸಂತೋಷವಾಗಲಿಲ್ಲ.

ಬಹುಮಾನ ಗಾಲ್ವೆಸ್ಟನ್ನಿನ ಹಳೆಯ ಚಂಡಮಾರುತದ ಫಲಕಕ್ಕೆ ಹೋಯಿತು. ಟೆಕ್ಸಸ್‌ನಲ್ಲಿ ಚಂಡಮಾರುತದ ಎದುರು ಎಫೆಂದಿ ನಿಲ್ಲುವುದುಂಟೇ? ಆ ತೀರ್ಪಿನ ಬಗ್ಗೆ ನನಗೆ ತಕರಾರಿದೆ. ಪತ್ರ ಬರೆಯಬೇಡಿ ಎಂದು ಅನಿರುದ್ಧ್ ನನ್ನಿಂದ ಭಾಷೆ ತೆಗೆದುಕೊಂಡಿದ್ದಾನೆ.

ಈಗ ದಿಯಾ ಆಗಾಗ ನನ್ನ ಕೋಣೆಗೆ ಬಂದು ಮಂಚದ ಮೇಲೆ ಕೂರುತ್ತಾಳೆ. ಮೈಸೂರಿನಲ್ಲೂ ಬಿರುದುಗಳಿದ್ದವೇ ಎಂದು ಕೇಳಿದಳು. ಚಾಮರಾಜಪುರಂನಲ್ಲಿ ರಾವ್ ಬಹದ್ದೂರ್ ಎಂಬ ಹಿತ್ತಾಳೆಯ ಫಲಕವಿದ್ದ ಮನೆಯ ವಿಷಯ ಹೇಳಿದೆ. ಇಲ್ಲಿ ನಮ್ಮವರ ಒಂದು ಸಂಘದಲ್ಲಿ ಶಾಲು ಹೊದಿಸಿ ರತ್ನ, ಭೂಷಣ ಎಂದು ಹಂಚುವುದನ್ನೂ ಹೇಳಿದೆ, ಬಹಳ ನಕ್ಕಳು. ನಿನ್ನೆ ಮೆಟ್ಟಿಲ ಕೆಳಗಿನಿಂದ ಕರೆದು ನೋಡಿದೆ. ‘ವಾಟ್?’ ಎಂದಳು. ಮೊದಲನೆಯ ಸಲಕ್ಕೇ ಎಂದಳು, ಅಷ್ಟೇ ಬದಲಾವಣೆ.

ಹರ್ಷಿಣಿಗೆ ನನ್ನ ಆಶೀರ್ವಾದ. ಅಲ್ಲಿನ ಮೀನಾಕ್ಷಿ ಗುಡಿಗೆ ಹೋದಾಗ ಮಗುವಿನ ಹೆಸರಿನಲ್ಲಿ ಒಂದು ಅರ್ಚನೆ ಮಾಡಿಸು. ಪಾಪು ನಿಶ್ಚಲ್‌ಗೆ ಆಯಸ್ಸು, ಆರೋಗ್ಯ, ಒಳ್ಳೆಯ ಗಂಟಲು ಎಲ್ಲ ಇರಲಿ. ಗಂಟಲಂತೂ ಇದ್ದೇ ಇದೆ. ನೀನು ಮಂಡಿಗೆ ಎಣ್ಣೆ ಹಚ್ಚಿಕೊಳ್ಳುವುದನ್ನು ಬಿಡಬೇಡ.

ನಿನ್ನ,
ಸತ್ಯಪ್ರಕಾಶ

ಮರೆತ ಮಾತು: ಸಂಕ್ರಾಂತಿ ಮುಗಿಸಿ ಹೊರಟವಳು ಯುಗಾದಿಗೆ ಬರುತ್ತೇನೆ ಎಂದಿದ್ದೆ. ಯುಗಾದಿಯ ಬೆಳಿಗ್ಗೆ ಫೋನ್ ಮಾಡಿದಾಗ ನಾನು ‘ಸರೋಜಾ’ ಎಂದೆ. ನೀನು ‘ಓ...’ ಎಂದೆ. ಎಷ್ಟು ದಿನವಾಗಿತ್ತು ಕೇಳಿ, ಎದೆ ತಣ್ಣಗಾಯಿತು. ಮರುಕ್ಷಣವೇ ‘ಬಂದೆ ಕಣೋ ಬಂಗಾರ, ಬಂದೇಬಿಟ್ಟೆ’ ಎಂದು ಫೋನನ್ನು ಎಲ್ಲೋ ಇಟ್ಟು ಹೋದೆ. ಓ ಅಂದದ್ದು ನನಗಲ್ಲ, ಅತ್ತ ಪಾಪುವಿಗೆ. ನಾನು ಫೋನ್ ಇಡಲಿಲ್ಲ. ನೀನು ಅವನಿಗೆ ಹಾಡುವುದನ್ನು ಕೇಳುತ್ತ ಕೂತೆ. ತೊಟ್ಟಿಲಲ್ಲಿರುವ ಕೂಸಿನ ಮೇಲೆ ಹೊಟ್ಟೆಕಿಚ್ಚು ಪಡುವುದು ಈ ವಯಸ್ಸಿಗೆ ಶೋಭಿಸುವುದಿಲ್ಲ. ಅದಕ್ಕೆ ಬೇಲಿಯಾಚೆಯವನ ಮೇಲೆ ಪಟ್ಟೆ, ಅವನು ಹತ್ತಿರ ಸಿಗುತ್ತಾನೆ. ಇವತ್ತು ಬೆಳಿಗ್ಗೆ ಕಾಫಿ ಸೋಸಿಟ್ಟು ಅಭ್ಯಾಸಬಲದಿಂದ ಹಿತ್ತಲ ಬಾಗಿಲಲ್ಲಿ ನಿಂತು ನಿನ್ನ ಹೆಸರು ಕರೆದುಬಿಟ್ಟೆ. ಟೊಮೇಟೊ ಗಿಡಗಳ ಕಡೆಯಿಂದ ‘ಎಫೆಂದಿಂ!’ ಎಂದು ಬಂತು. ನಿಮ್ಮನ್ನಲ್ಲ ಕರೆದದ್ದು ಎಂದೆ. ‘ಗೊತ್ತು ಸತ್ಯ ಬೇ. ಯಾರಾದರೊಬ್ಬರು ಉತ್ತರ ಕೊಡಬೇಕಲ್ಲ’ ಎಂದ. ನನಗೆ ಯಾರ ಒಡೆಯನಾಗುವ ಆಸೆಯೂ ಇಲ್ಲ, ಸರೋಜಾ. ಓ ಅಂದರೆ ಸಾಕು.